ಮಕ್ಕಳ ಆಟಕ್ಕೆ ಪರಿಮಳದ ಕಣಕ

ಅಡಿಗೆಮನೆಯಲ್ಲಿ ತಾಯಿಯು ರೊಟ್ಟಿಗೋ ಚಪಾತಿಗೋ ಹಿಟ್ಟು ನಾದಲು ಕುಳಿತೊಡನೆ ಎರಡು ವರ್ಷದ ಮಗು ಬಳಿಸಾರಿ ಕೈಚಾಚುವುದು ಎಲ್ಲ ಮನೆಗಳಲ್ಲಿಯೂ ಕಾಣುವ ನೋಟ. “ಆಚೆ ಹೋಗಿ ಆಡಿಕೋ” ಎಂದು ಗದರಿಸುವವರುಂಟು. ಒಂದು ಚಿಕ್ಕ ಉಂಡೆಯನ್ನು ಹರಿದು ಅದರ ಅಂಗೈಗೆ ಇಡುವವರೂ ಉಂಟು. ಎರಡನೆಯವರು ಮಾಡುವ ಕೆಲಸವೇ ಸರಿಯಾದುದು. ಆ ಉಂಡೆಯನ್ನು ಮಗು ಒತ್ತುತ್ತದೆ, ಎಳೆಯುತ್ತದೆ, ಮೂಸಿ ನೋಡುತ್ತದೆ, ಕೊನೆಗೆ ಬಾಯಿಗೂ ಇಡುತ್ತದೆ. ಹೊರನೋಟಕ್ಕೆ ಇದು ಬರಿಯ ಚೇಷ್ಟೆಯಂತೆ ತೋರಿದರೂ ಮಗುವಿನ ಪಾಲಿಗೆ ಇದು ಪಾಠವೇ ಆಗಿದೆ.

ಮಗುವಿನ ಮೆದುಳಿನ ಬೆಳವಣಿಗೆಯ ಬಹುಭಾಗವು ಹುಟ್ಟಿನಿಂದ ಐದಾರು ವರ್ಷಗಳೊಳಗೆ ನಡೆದುಹೋಗುತ್ತದೆ. ಈ ಅವಧಿಯಲ್ಲಿ ಮಗು ಲೋಕವನ್ನು ಅರಿಯುವುದು ಮಾತಿನಿಂದಲ್ಲ, ಕಣ್ಣು, ಕಿವಿ, ಮೂಗು, ನಾಲಿಗೆ, ಚರ್ಮ ಎಂಬ ಪಂಚೇಂದ್ರಿಯಗಳಿಂದ. ಇವುಗಳಲ್ಲಿ ಮೂಗಿನ ಶಕ್ತಿಯನ್ನು ನಾವು ಸಾಮಾನ್ಯವಾಗಿ ಗಣನೆಗೆ ತೆಗೆದುಕೊಳ್ಳುವುದಿಲ್ಲ. ಆದರೆ ಹುಟ್ಟಿ ಕೆಲವೇ ದಿನಗಳಾದ ಶಿಶುವು ತನ್ನ ತಾಯಿಯ ಎದೆಹಾಲಿನ ವಾಸನೆಯನ್ನು ಗುರುತಿಸಿ ಅತ್ತ ಮುಖ ತಿರುಗಿಸಬಲ್ಲದು. ಹೀಗೆ ಜನ್ಮದಿಂದಲೇ ಬಂದ ಶಕ್ತಿಯನ್ನು ಆಟದಲ್ಲಿ ತೊಡಗಿಸುವುದಕ್ಕೆ ಅಡಿಗೆಮನೆಯ ಡಬ್ಬಿಗಳಿಗಿಂತ ಬೇರೆ ಸಾಮಗ್ರಿ ಬೇಕಾಗಿಲ್ಲ.

ಪೇಟೆಯಲ್ಲಿ ಡಬ್ಬಿಗಳಲ್ಲಿ ಮಾರುವ ಬಣ್ಣದ ಮುದ್ದೆಯನ್ನು ತಾವು ಕಂಡಿರಬಹುದು. ಅದರ ಮೂಲವು ತಿಳಿಯತಕ್ಕುದಾಗಿದೆ. ಅಮೆರಿಕದ ಸಿನ್ಸಿನಾಟಿ ನಗರದ ಒಂದು ಕಾರ್ಖಾನೆಯು ಗೋಡೆಗೆ ಅಂಟಿಸಿದ ಕಾಗದದ ಮೇಲಿನ ಮಸಿಯನ್ನು ಒರೆಸಲು ಇಂತಹ ಹಿಟ್ಟಿನ ಮುದ್ದೆಯನ್ನು ತಯಾರಿಸುತ್ತಿತ್ತು. ಮನೆಗಳಲ್ಲಿ ಕಲ್ಲಿದ್ದಲ ಒಲೆಗಳು ಕಡಿಮೆಯಾಗಿ ಮಸಿಯೂ ಕಡಿಮೆಯಾದಾಗ ಆ ವ್ಯಾಪಾರವು ಬಿದ್ದುಹೋಯಿತು. ಶಿಶುವಿಹಾರದ ಶಿಕ್ಷಕಿಯೊಬ್ಬರು ಅದೇ ಮುದ್ದೆಯನ್ನು ತಮ್ಮ ಮಕ್ಕಳ ಕೈಗೆ ಕೊಟ್ಟು ನೋಡಿದರು. 1956ರಲ್ಲಿ ಅದು ‘ಪ್ಲೇ-ಡೋ’ ಎಂಬ ಹೆಸರಿನ ಆಟಿಕೆಯಾಗಿ ಅಂಗಡಿಗೆ ಬಂದಿತು. ಅದರ ವಾಸನೆ ಎಷ್ಟು ಜನರ ನೆನಪಿನಲ್ಲಿ ಉಳಿಯಿತೆಂದರೆ, 2018ರಲ್ಲಿ ಆ ವಾಸನೆಯನ್ನೇ ವ್ಯಾಪಾರಮುದ್ರೆಯಾಗಿ ಅಲ್ಲಿ ನೋಂದಾಯಿಸಲಾಯಿತು. ಮೂಲವಸ್ತು ಮಾತ್ರ ಗೋಧಿಹಿಟ್ಟು, ನೀರು ಮತ್ತು ಉಪ್ಪು. ಇವು ಮೂರೂ ನಮ್ಮ ಮನೆಗಳಲ್ಲಿಯೇ ಇವೆ. ನಮ್ಮ ಮಕ್ಕಳಿಗೂ ಮುದ್ದೆಯ ಆಟ ಹೊಸದಲ್ಲ. ಉತ್ತರ ಕರ್ನಾಟಕದಲ್ಲಿ ಮಣ್ಣೆತ್ತಿನ ಅಮಾವಾಸ್ಯೆಗೆ ಎತ್ತುಗಳನ್ನು ಮಾಡುವ ಮಕ್ಕಳ ಕೈಗಳನ್ನು ನೋಡಿದವರಿಗೆ ಇದನ್ನು ಹೇಳಬೇಕಾಗಿಲ್ಲ.

ಕಣಕದ ಆಟದಿಂದ ಆಗುವ ಪ್ರಯೋಜನ

ಸುಮಾರು 9ರಿಂದ 12 ತಿಂಗಳೊಳಗೆ ಮಗು ಹೆಬ್ಬೆರಳು ಮತ್ತು ತೋರುಬೆರಳುಗಳ ತುದಿಯಿಂದ ಸಣ್ಣ ವಸ್ತುವನ್ನು ಹಿಡಿಯಲು ಕಲಿಯುತ್ತದೆ. ಮುಂದೆ ತುತ್ತು ಕಲಸುವುದು, ಗುಂಡಿ ಹಾಕುವುದು, ಬಳಪ ಹಿಡಿಯುವುದು ಎಲ್ಲವೂ ಈ ಹಿಡಿತದ ಮೇಲೆಯೇ ನಿಂತಿವೆ. ಕಣಕವನ್ನು ಒತ್ತಿ, ಹೊಸೆದು, ಚಿವುಟಿ ಆಡುವಾಗ ಅಂಗೈ ಮತ್ತು ಬೆರಳುಗಳ ಸಣ್ಣ ಸ್ನಾಯುಗಳು ಬಲಗೊಳ್ಳುತ್ತವೆ. ಆರು ವರ್ಷಕ್ಕೆ ಶಾಲೆಗೆ ಹೋದ ಮಗುವು ಅಕ್ಷರ ತಿದ್ದಲು ಕೈನೋವೆಂದು ಅಳುವುದಕ್ಕೆ ಎಷ್ಟೋ ಸಲ ಕಾರಣ ಸೋಮಾರಿತನವಲ್ಲ, ಬೆರಳುಗಳಿಗೆ ಮೊದಲೇ ಅಭ್ಯಾಸವಿಲ್ಲದಿರುವುದು.

ಮಾತೂ ಈ ಆಟದಲ್ಲಿ ಬೆಳೆಯುತ್ತದೆ. ಮಗು ತಾನಾಗಿ ಆಡುತ್ತಿರುವಾಗ ಪಕ್ಕದಲ್ಲಿ ಕುಳಿತು “ಇದು ಮೆತ್ತಗಿದೆ, ಇದು ಗಟ್ಟಿ, ಇದು ಏಲಕ್ಕಿ ವಾಸನೆ, ಪಾಯಸದಲ್ಲಿ ಹಾಕಿದ್ದೆವಲ್ಲ, ಅದೇ” ಎಂದು ಹೇಳುತ್ತಿರಬೇಕು. ಕೈಗೆ ಮತ್ತು ಮೂಗಿಗೆ ಸಿಕ್ಕಿದ ಅನುಭವದೊಡನೆ ಬಂದ ಮಾತು ಮಗುವಿನ ಮನಸ್ಸಿನಲ್ಲಿ ನಿಲ್ಲುತ್ತದೆ. ಈ ಕೆಲಸವನ್ನು ತಾಯಿಗೇ ಬಿಡಬೇಕಾಗಿಲ್ಲ. ಸಂಜೆ ಹೊಲದಿಂದ ಬಂದ ತಂದೆ ಕೈಕಾಲು ತೊಳೆದು ಹದಿನೈದು ನಿಮಿಷ ಮಗುವಿನೊಡನೆ ಕುಳಿತರೆ, ಅತ್ತ ಅಡಿಗೆಯೂ ಆಗುತ್ತದೆ, ಇತ್ತ ಮಗುವಿಗೆ ತಂದೆಯ ಸಹವಾಸವೂ ದೊರೆಯುತ್ತದೆ. ಅಡಿಗೆ ಮುಗಿಯುವವರೆಗೆ ಮೊಬೈಲನ್ನು ಮಗುವಿನ ಕೈಗಿಡುವ ರೂಢಿ ಈಗ ಹಳ್ಳಿಗಳಲ್ಲಿಯೂ ಬಂದಿದೆ. ವಿಶ್ವ ಆರೋಗ್ಯ ಸಂಸ್ಥೆಯು 2019ರಲ್ಲಿ ನೀಡಿದ ಸಲಹೆಯಂತೆ, ಎರಡು ವರ್ಷದೊಳಗಿನ ಮಗುವನ್ನು ಪರದೆಯ ಮುಂದೆ ಕೂರಿಸುವುದು ತರವಲ್ಲ. ಎರಡರಿಂದ ನಾಲ್ಕು ವರ್ಷದ ಮಗುವಿಗೆ ದಿನಕ್ಕೆ ಒಂದು ಗಂಟೆ ಮೀರಬಾರದು. ಮನೆಯಲ್ಲಿ ಹಸುಗೂಸು ಇದ್ದು ತಾಯಿಯು ಹಾಲೂಡಿಸಬೇಕಾದ ವೇಳೆಯಲ್ಲಿಯೂ, ದೊಡ್ಡ ಮಗುವನ್ನು ಕಣ್ಣೆದುರಿಗೆ ಕೂರಿಸಿ ಒಂದು ಉಂಡೆ ಕಣಕ ಕೊಟ್ಟರೆ ಅದರ ಹಟ ಬಹುಮಟ್ಟಿಗೆ ಇಳಿಯುತ್ತದೆ.

ಮೂರು ವರ್ಷದೊಳಗಿನ ಮಗುವಿಗೆ

ಈ ವಯಸ್ಸಿನ ಮಗು ಕೈಗೆ ಸಿಕ್ಕಿದ್ದನ್ನು ಬಾಯಿಗಿಡುವುದು ಸ್ವಭಾವ. ಆದುದರಿಂದ ಅದಕ್ಕೆ ಕೊಡುವ ಕಣಕವು ತಿಂದರೂ ಬಾಧಕವಾಗದಂತಹುದಾಗಿರಬೇಕು. ಹಸಿಹಿಟ್ಟು ಬೇಯಿಸದ ಪದಾರ್ಥವಾದುದರಿಂದ ಅದರಲ್ಲಿ ಭೇದಿ ತರುವ ರೋಗಾಣುಗಳಿರುವ ಸಂಭವವುಂಟು. ಬೇಯಿಸಿದ ಹಿಟ್ಟೇ ಕ್ಷೇಮ. ಇದಕ್ಕಾಗಿ ಹೊಸ ವಿಧಾನವೇನೂ ಬೇಡ. ಅಕ್ಕಿರೊಟ್ಟಿಗೂ ಕಡುಬಿಗೂ ಹಿಟ್ಟು ಉಕ್ಕರಿಸುವುದನ್ನು ಬಲ್ಲ ಗೃಹಿಣಿಗೆ ಇದು ಕರಗತವಾದ ವಿದ್ಯೆ.

ಒಂದು ಬಟ್ಟಲು ನೀರಿಗೆ ಅರ್ಧ ಚಹಾ ಚಮಚ ಎಣ್ಣೆ ಹಾಕಿ ಕುದಿಸಿರಿ. ಉಪ್ಪು ಬೇಡ. ಕುದಿಬಂದಾಗ ಒಂದು ಬಟ್ಟಲು ಅಕ್ಕಿಹಿಟ್ಟನ್ನು ಸುರಿದು, ಮುಚ್ಚಿ, ಸಣ್ಣ ಉರಿಯಲ್ಲಿ ಕೆಲವು ನಿಮಿಷ ಬೇಯಲು ಬಿಡಿರಿ. ಇಳಿಸಿ, ಗಂಟಿಲ್ಲದಂತೆ ಕಲಸಿ, ಕೈಗೆ ನೀರು ಮುಟ್ಟಿಸಿಕೊಂಡು ಬಿಸಿಯಾರುವ ಮುನ್ನ ಚೆನ್ನಾಗಿ ನಾದಿರಿ. ರಾಗಿಯ ಸೀಮೆಯವರು ಮುದ್ದೆಯನ್ನೇ ಸ್ವಲ್ಪ ಗಟ್ಟಿಯಾಗಿ ತಿರುವಿ, ತಣಿದ ಮೇಲೆ ಒಂದು ಚೂರು ತೆಗೆದುಕೊಟ್ಟರೆ ಸಾಕು. ಅಕ್ಕಿ ಮತ್ತು ರಾಗಿಗಳಲ್ಲಿ ಗೋಧಿಯ ಜಿಗುಟು ಇರುವುದಿಲ್ಲ. ತಣ್ಣೀರಿನಲ್ಲಿ ಕಲಸಿದರೆ ಅವು ಬಿರಿಯುತ್ತವೆ; ಬಿಸಿನೀರಿನಲ್ಲಿ ಬೆಂದಾಗ ಹಿಟ್ಟಿನ ಪಿಷ್ಟವು ನೀರು ಹೀರಿ ಉಬ್ಬಿ ಒಂದಕ್ಕೊಂದು ಹಿಡಿದುಕೊಳ್ಳುತ್ತದೆ.

ಈ ಕಣಕವನ್ನು ಅಂದೇ ಬಳಸಿ ಅಂದೇ ಮುಗಿಸಬೇಕು. ಬೆಂದ ಅಕ್ಕಿಹಿಟ್ಟು ಬೆಚ್ಚಗಿನ ಜಾಗದಲ್ಲಿ ಉಳಿದರೆ ಬೇಗನೆ ಕೆಡುತ್ತದೆ. ಅದಕ್ಕೆ ಪರಿಮಳವಾಗಿ ಒಂದೆರಡು ಏಲಕ್ಕಿಯ ಪುಡಿ, ಹುರಿದು ಕುಟ್ಟಿದ ಜೀರಿಗೆ ಅಥವಾ ಸೋಂಪು ಹಾಕಬಹುದು. ಬೆಲ್ಲ ಬೇಡ, ಕೈಗೆಲ್ಲ ಅಂಟಿ ಇರುವೆಗಳನ್ನು ಕರೆಯುತ್ತದೆ.

“ಅನ್ನ ದೇವರಲ್ಲವೇ, ಅದರಿಂದ ಆಟವೇ?” ಎಂದು ಮನೆಯ ಹಿರಿಯರು ಕೇಳಬಹುದು. ಈ ಮಾತಿನಲ್ಲಿ ನ್ಯಾಯವಿದೆ. ಮಗುವಿನ ಊಟಕ್ಕೆ ಸಲ್ಲಬೇಕಾದ ಕಾಳನ್ನು ಆಟಕ್ಕೆ ತೆಗೆಯಬಾರದು. ಆದರೆ ಇಲ್ಲಿ ಬೇಕಾದುದು ಒಂದು ಹಿಡಿ ಮಾತ್ರ, ಅದೂ ಅಂದಿನ ಅಡಿಗೆಯ ಹಿಟ್ಟಿನಿಂದಲೇ. ಆಟ ಮುಗಿದ ಮೇಲೆ ಉಪ್ಪಿಲ್ಲದ ಉಂಡೆಯನ್ನು ದನದ ಕಲಗಚ್ಚಿಗೆ ಹಾಕಿದರೆ ವ್ಯರ್ಥವೂ ಆಗದು.

ಮೂರು ವರ್ಷ ದಾಟಿದ ಮಗುವಿಗೆ

ಬಾಯಿಗಿಡುವ ಅಭ್ಯಾಸ ಬಿಟ್ಟ ಮಗುವಿಗೆ ಹಲವು ದಿನ ಬಾಳುವ ಕಣಕವನ್ನು ಮಾಡಿಕೊಡಬಹುದು. ಒಂದು ಲೋಟ ಗೋಧಿಹಿಟ್ಟು ಅಥವಾ ಮೈದಾ, ಅರ್ಧ ಲೋಟ ಪುಡಿಯುಪ್ಪು, ಒಂದು ಲೋಟ ನೀರು, ಎರಡು ಚಹಾ ಚಮಚ ಎಣ್ಣೆ ಮತ್ತು ಅರ್ಧ ನಿಂಬೆಹಣ್ಣಿನ ರಸ ಇಷ್ಟನ್ನೂ ಬಾಣಲೆಯಲ್ಲಿ ಗಂಟಿಲ್ಲದಂತೆ ಕದಡಿ, ಸಣ್ಣ ಉರಿಯಲ್ಲಿಟ್ಟು ಬಿಡದೆ ತಿರುವಬೇಕು. ಮೊದಲು ಅದು ಗಂಜಿಯಂತಿರುತ್ತದೆ, ಆಮೇಲೆ ಮೈಸೂರುಪಾಕಿನ ಹಿಟ್ಟಿನಂತೆ ತಳ ಬಿಟ್ಟು ಒಂದೇ ಉಂಡೆಯಾಗಿ ಬರುತ್ತದೆ. ಆಗ ಇಳಿಸಿ, ಮಣೆಯ ಮೇಲೆ ಹಾಕಿ, ಕೈ ತಾಳುವಷ್ಟು ಬಿಸಿಯಿರುವಾಗಲೇ ನಾದಬೇಕು. ಅಂಟಿದರೆ ಒಣಹಿಟ್ಟು, ಬಿರಿದರೆ ಹನಿ ಎಣ್ಣೆ. ಒಲೆಯ ಕೆಲಸವೆಲ್ಲ ದೊಡ್ಡವರದೇ. ಮಗುವು ಆಗ ಬಾಣಲೆಯ ಬಳಿ ಇರಕೂಡದು.

ಉಪ್ಪನ್ನು ಹಾಕುವುದು ಉಪ್ಪಿನಕಾಯಿಗೆ ಹಾಕುವ ಕಾರಣಕ್ಕಾಗಿಯೇ. ಅದು ನೀರಿನಂಶವನ್ನು ಹಿಡಿದಿಟ್ಟು ಬೂಷ್ಟು ಬೆಳೆಯದಂತೆ ತಡೆಯುತ್ತದೆ. ಮುಚ್ಚಳ ಬಿಗಿಯಾದ ಸ್ಟೀಲ್ ಡಬ್ಬಿಯಲ್ಲಿಟ್ಟರೆ ಎರಡು ವಾರ ಬಾಳುತ್ತದೆ, ಮಲೆನಾಡಿನ ಮಳೆಗಾಲದಲ್ಲಿ ಅಷ್ಟು ಬಾಳದು. ಬಣ್ಣ ಕೆಟ್ಟರೆ, ಹುಳಿವಾಸನೆ ಬಂದರೆ, ಬೂಷ್ಟು ಕಂಡರೆ, ಮೇಲಿನದನ್ನು ಕೆರೆದು ಬಳಸದೆ ಪೂರ್ತಿ ಎಸೆಯಬೇಕು. ಮುಗ್ಗಿದ ಹಿಟ್ಟಿನಿಂದ, ಆಟಕ್ಕೆ ತಾನೇ ಎಂದುಕೊಂಡು, ಕಣಕ ಮಾಡಲೇಬಾರದು.

ಪರಿಮಳದ ಪುಡಿಯನ್ನು ಒಲೆಯಿಂದ ಇಳಿಸಿದ ಮೇಲೆಯೇ ಸೇರಿಸಬೇಕು. ಸಾಂಬಾರ ಪದಾರ್ಥಗಳ ವಾಸನೆಯು ಅವುಗಳೊಳಗಿನ ತೈಲದಿಂದ ಬರುವಂತಹುದು, ಬಿಸಿ ತಾಕಿದೊಡನೆ ಅದು ಆವಿಯಾಗಿ ಹೋಗುತ್ತದೆ. ಒಂದು ಲೋಟ ಹಿಟ್ಟಿನ ಕಣಕಕ್ಕೆ ಅರ್ಧ ಚಹಾ ಚಮಚ ಪುಡಿ ಸಾಕು. ಏಲಕ್ಕಿ, ಜೀರಿಗೆ, ಹುರಿದ ಕೊತ್ತಂಬರಿ, ಒಣಶುಂಠಿ, ನೆರಳಿನಲ್ಲಿ ಒಣಗಿಸಿ ಕುಟ್ಟಿದ ಕರಿಬೇವು, ಕಿತ್ತಳೆಯ ಸಿಪ್ಪೆ ಇವೆಲ್ಲ ಸಲ್ಲುತ್ತವೆ. ಡಿಕಾಕ್ಷನ್ ತೆಗೆದು ಉಳಿದ ಕಾಫಿಯ ಚರಟವನ್ನು ಒಣಗಿಸಿ ಬೆರೆಸಿದರೆ ಕಣಕವು ಹೊಲದ ಮಣ್ಣಿನ ಬಣ್ಣಕ್ಕೆ ತಿರುಗಿ ಸೊಗಸಾಗಿ ಘಮಘಮಿಸುತ್ತದೆ. ಮಕ್ಕಳು ಅದರಿಂದ ಎತ್ತು, ಗಾಡಿ ಮಾಡುವುದೇ ಹೆಚ್ಚು. ಮೆಣಸಿನಕಾಯಿ, ಕರಿಮೆಣಸು, ಸಾಸಿವೆಗಳನ್ನು ಹಾಕಬಾರದು. ಆ ಕೈ ಕಣ್ಣಿಗೆ ಹೋದರೆ ಉರಿ ತಡೆಯಲಾಗದು.

ಬಣ್ಣಕ್ಕೆ ಬೀಟ್ರೂಟಿನ ರಸ, ಕೆಂಪು ದಂಟಿನ ಸೊಪ್ಪಿನ ರಸ, ಪಾಲಕ್ ಸೊಪ್ಪು, ಶಂಖಪುಷ್ಪದ ನೀಲಿ ಹೂವು ಬಳಸಬಹುದು. ಶಂಖಪುಷ್ಪದ ನೀಲಿ ಕಣಕಕ್ಕೆ ನಿಂಬೆರಸ ಸೋಕಿದೊಡನೆ ಅದು ನೇರಳೆಯಾಗುವುದನ್ನು ಮಕ್ಕಳಿಗೆ ತೋರಿಸಿರಿ, ಅವರು ಮತ್ತೆ ಮತ್ತೆ ಕೇಳುತ್ತಾರೆ. ಆ ಬಣ್ಣದ ಕಣಕಕ್ಕೆ ಮೊದಲೇ ನಿಂಬೆ ಹಾಕದಿದ್ದರೆ ಸರಿ. ಹಳದಿಗೆ ಅರಿಶಿನ ಉಂಟು. ಆದರೆ ಬಣ್ಣ ಹೊಳೆಯಲೆಂದು ಸೀಸದ ಕ್ರೋಮೇಟ್ ಎಂಬ ವಿಷವಸ್ತುವನ್ನು ಬೆರೆಸಿದ ಅರಿಶಿನಪುಡಿ ಮಾರಾಟವಾದುದುಂಟು. ಸೀಸವು ಮಕ್ಕಳ ಮೆದುಳನ್ನು ಕುಂದಿಸುತ್ತದೆ. ಅರಿಶಿನದ ಕೊಂಬನ್ನು ತಂದು ಮನೆಯಲ್ಲಿ ಕುಟ್ಟಿಕೊಂಡ ಪುಡಿಯೇ ನಂಬಿಕೆಗೆ ಅರ್ಹ. ಕುಂಕುಮ, ರಂಗೋಲಿಯ ಬಣ್ಣ, ಓಕುಳಿಯ ಬಣ್ಣಗಳನ್ನು ಎಂದೂ ಬಳಸಕೂಡದು. ಆರತಿಯ ನೀರಿನಂತೆ ಕೆಂಪಾಗಲೆಂದು ಅರಿಶಿನಕ್ಕೆ ಸುಣ್ಣ ಬೆರೆಸುವುದೂ ಬೇಡ. ಸುಣ್ಣವು ಕಣ್ಣನ್ನೇ ಸುಡಬಲ್ಲದು.

ಅಪಾಯಗಳು

ಈ ಭಾಗವನ್ನು ದಂಪತಿಗಳಿಬ್ಬರೂ ಓದಬೇಕು; ಓದಲು ಬಾರದ ಅತ್ತೆಮಾವಂದಿರಿಗೆ ಓದಿ ಹೇಳಬೇಕು. ಹಗಲೆಲ್ಲ ಮಗುವನ್ನು ನೋಡಿಕೊಳ್ಳುವವರು ಎಷ್ಟೋ ಮನೆಗಳಲ್ಲಿ ಅವರೇ.

ಮೊದಲನೆಯದು ಉಪ್ಪು. ಮೇಲೆ ಹೇಳಿದ ಉಪ್ಪಿನ ಕಣಕದ ನಿಂಬೆಗಾತ್ರದ ಒಂದು ಉಂಡೆಯಲ್ಲಿ ಒಂದು ಚಹಾ ಚಮಚಕ್ಕಿಂತ ಹೆಚ್ಚು ಉಪ್ಪು ಇರುತ್ತದೆ. ದೊಡ್ಡವರಿಗೆ ಇದು ವಾಂತಿ ತರಿಸಬಹುದಷ್ಟೆ. ಹತ್ತು ಕಿಲೋ ತೂಕದ ಮಗುವಿನ ರಕ್ತದಲ್ಲಿ ಉಪ್ಪಿನಂಶವು ಒಮ್ಮೆಲೇ ಏರಿ ಮೆದುಳಿಗೆ ಧಕ್ಕೆಯಾಗಬಹುದು. ಉಪ್ಪಿನ ರುಚಿಗೆ ಮಗು ಸಾಮಾನ್ಯವಾಗಿ ಉಗುಳಿಬಿಡುತ್ತದೆ. ಆದರೂ ಅದನ್ನು ನೆಚ್ಚಬಾರದು. ಕಣಕ ನುಂಗಿದ ಮಗುವಿಗೆ ಅತಿಯಾದ ಬಾಯಾರಿಕೆ, ವಾಂತಿ, ಮಂಪರು ಅಥವಾ ಸೆಳೆತ ಕಂಡರೆ ತಡಮಾಡದೆ 108ಕ್ಕೆ ಕರೆಮಾಡಿ ಆಸ್ಪತ್ರೆಗೆ ಒಯ್ಯಬೇಕು. ಎಚ್ಚರವಾಗಿದ್ದರೆ ಗುಟುಕು ಗುಟುಕಾಗಿ ನೀರು ಕುಡಿಸಬಹುದು. ವಾಂತಿ ಮಾಡಿಸಲೆಂದು ಉಪ್ಪುನೀರು ಕುಡಿಸುವ ಪದ್ಧತಿ ಹಲವೆಡೆ ಉಂಟು. ಅದು ಯಾವ ವಿಷಕ್ಕೂ ಮದ್ದಲ್ಲ. ಇಲ್ಲಿಯಂತೂ ಉರಿಯುವ ಬೆಂಕಿಗೆ ಎಣ್ಣೆ ಹೊಯ್ದಂತೆ.

ಎರಡನೆಯದು ಕಣ್ಣುಗಳು. ಗೊಂಬೆಗೆ ಕಣ್ಣಿಡಲು ಗುಲಗಂಜಿಯನ್ನು ಹುಡುಕುವುದು ನಮ್ಮವರ ವಾಡಿಕೆ. ಮಣ್ಣಿನ ಗಣಪನಿಗೂ ಅದನ್ನೇ ಇಡುತ್ತಾರೆ. ಕೆಂಪು ಮೈಯ, ಕಪ್ಪು ಮೂತಿಯ ಆ ಚೆಲುವಾದ ಬೀಜದೊಳಗೆ ಘೋರ ವಿಷವಿದೆ. ಒಂದನ್ನು ಅಗಿದು ನುಂಗಿದರೂ ಮಗುವಿನ ಪ್ರಾಣಕ್ಕೆ ಅಪಾಯ. ಹರಳುಬೀಜವೂ ಅಷ್ಟೇ, ಉಮ್ಮತ್ತಿಯ ಬೀಜವೂ ಅಷ್ಟೇ. ಹುಣಸೆಬೀಜ, ಶೇಂಗಾ, ಮಣಿ, ಗುಂಡಿಗಳು ವಿಷವಲ್ಲದಿದ್ದರೂ ಸಣ್ಣ ಮಕ್ಕಳ ಉಸಿರುನಾಳಕ್ಕೆ ಸಿಕ್ಕಿಕೊಳ್ಳುತ್ತವೆ. ಕಡ್ಡಿಯಿಂದ ಎರಡು ಗುಳಿ ಒತ್ತಿದರೂ ಗೊಂಬೆಗೆ ಕಣ್ಣು ಬರುತ್ತದೆ. ಕಣಕದ ತುಂಡೇ ಗಂಟಲಿಗೆ ಸಿಕ್ಕಿ ಮಗು ಕೆಮ್ಮಲಾರದೆ, ಅಳಲಾರದೆ ಹೋದರೆ, ಅದನ್ನು ಮುಂದಕ್ಕೆ ಬಾಗಿಸಿ ಎರಡು ಹೆಗಲಮೂಳೆಗಳ ನಡುವೆ ಅಂಗೈಯ ಬುಡದಿಂದ ಐದು ಸಲ ಬಲವಾಗಿ ತಟ್ಟಬೇಕು; ಜೊತೆಯಲ್ಲಿರುವವರು 108ಕ್ಕೆ ಕರೆಮಾಡಬೇಕು. ತುಂಡು ಕಾಣದೆ ಬಾಯೊಳಗೆ ಬೆರಳು ಹಾಕಿ ತಡಕಬಾರದು, ಅದು ಇನ್ನೂ ಒಳಕ್ಕೆ ಸರಿದೀತು.

ಮೂರನೆಯದು ಪರಿಮಳವೇ. ಪೂಜೆಯ ಕರ್ಪೂರವಾಗಲಿ, ಪ್ರಸಾದಕ್ಕೆ ಹಾಕುವ ಪಚ್ಚಕರ್ಪೂರವಾಗಲಿ, ನೀಲಗಿರಿ ಎಣ್ಣೆಯಾಗಲಿ, ಲವಂಗದ ಎಣ್ಣೆಯಾಗಲಿ ಕಣಕಕ್ಕೆ ಬೇಡ. ಕರ್ಪೂರವನ್ನು ಸ್ವಲ್ಪ ನುಂಗಿದರೂ ಮಗುವಿಗೆ ಕೆಲವೇ ನಿಮಿಷಗಳಲ್ಲಿ ಸೆಳೆತ ಬರಬಹುದು. ಕಪಾಟಿನಲ್ಲಿಡುವ ನುಸಿಗುಳಿಗೆ ಕರ್ಪೂರದಂತೆಯೇ ಕಾಣುವುದರಿಂದ ಅದನ್ನೂ ಮಗುವಿನ ಕೈಗೆಟುಕದಂತೆ ಇಡಬೇಕು. ಇನ್ನೊಂದು ಮಾತು. ಲಾಡಿನ ವಾಸನೆ ಬರುವ ವಸ್ತುವನ್ನು ಮಗುವಿಗೆ ಕೊಟ್ಟು “ತಿನ್ನಬೇಡ” ಎನ್ನುವುದು ಅಷ್ಟು ನ್ಯಾಯವಲ್ಲ. ಉಪ್ಪಿನ ಕಣಕಕ್ಕೆ ಜೀರಿಗೆ, ಕರಿಬೇವು, ಕಾಫಿಯಂತಹ ಪರಿಮಳಗಳನ್ನು ಹಾಕಿ, ಏಲಕ್ಕಿಯಂತಹ ಸಿಹಿತಿಂಡಿಯ ಪರಿಮಳವನ್ನು ಉಪ್ಪಿಲ್ಲದ ಬೇಯಿಸಿದ ಕಣಕಕ್ಕೆ ಮೀಸಲಿಡುವುದು ಮೇಲೆಂದು ನಮ್ಮ ಅಭಿಪ್ರಾಯ.

ಆಟಕ್ಕೆ ಮುಂಚೆ ಮತ್ತು ಆಮೇಲೆ ಸಾಬೂನಿನಿಂದ ಕೈ ತೊಳೆಸಬೇಕು. ಉಗುರು ಬೆಳೆದಿದ್ದರೆ ಕತ್ತರಿಸಬೇಕು. ಕೈಯಲ್ಲಿ ಗಾಯವಿದ್ದರೆ ಉಪ್ಪಿನ ಕಣಕ ಉರಿಯುತ್ತದೆ, ಅಂದು ಬೇಡ.

ಆಟದ ನಡುವೆ ತಿಳಿದುಬರುವ ಸಂಗತಿಗಳು

ಕಣಕದ ಆಟವನ್ನು ಗಮನವಿಟ್ಟು ನೋಡುವ ತಾಯಿತಂದೆಗಳಿಗೆ ಮಗುವಿನ ಆರೋಗ್ಯದ ಸುಳಿವುಗಳೂ ದೊರೆಯುತ್ತವೆ. ಒಂದು ವರ್ಷ ತುಂಬಿದರೂ ಬೆರಳತುದಿಯಿಂದ ಚೂರನ್ನು ಹಿಡಿಯದ ಮಗು, ಒಂದೂವರೆ ವರ್ಷದೊಳಗೇ ಒಂದು ಕೈಯನ್ನು ಮುದುರಿಕೊಂಡು ಇನ್ನೊಂದರಿಂದಲೇ ಎಲ್ಲವನ್ನೂ ಮಾಡುವ ಮಗು, ಮೂರು ವರ್ಷವಾದರೂ ಕಣಕವನ್ನು ಹೊಸೆಯಲಾರದ ಮಗು, ಇವರನ್ನು ತಜ್ಞರಿಗೆ ತೋರಿಸಬೇಕು. “ಬಲಗೈಯವನಲ್ಲ, ಎಡಚ” ಎಂದು ನಕ್ಕು ಸುಮ್ಮನಾಗುವ ವಿಷಯವಲ್ಲ ಇದು. ಒಂದು ವರ್ಷದ ಮಗುವು ಎರಡೂ ಕೈಗಳನ್ನು ಸಮನಾಗಿ ಬಳಸಬೇಕು. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಡಿ ವೈದ್ಯರ ತಂಡವು ವರ್ಷಕ್ಕೆ ಎರಡು ಬಾರಿ ಅಂಗನವಾಡಿಗೆ ಬಂದು ಮಕ್ಕಳನ್ನು ಪರೀಕ್ಷಿಸುತ್ತದೆ. ಆ ದಿನವನ್ನು ಅಂಗನವಾಡಿ ಕಾರ್ಯಕರ್ತೆಯಿಂದ ತಿಳಿದು ಮಗುವನ್ನು ತಪ್ಪದೆ ಕರೆದೊಯ್ಯಿರಿ. ಅಷ್ಟರಲ್ಲೇ ಅನುಮಾನವಿದ್ದರೆ ಆಶಾ ಕಾರ್ಯಕರ್ತೆಗೆ ಹೇಳಿರಿ. ಬೇಗ ಗೊತ್ತಾದಷ್ಟೂ ವ್ಯಾಯಾಮದಿಂದ ಆಗುವ ಸುಧಾರಣೆ ಹೆಚ್ಚು.

ಗದರಿಸಿದರೂ ಬಿಡದೆ ದಿನವೂ ಕಣಕವನ್ನೋ ಮಣ್ಣನ್ನೋ ಬಳಪವನ್ನೋ ತಿನ್ನುವ ಮಗುವನ್ನು ಹೊಡೆಯಬಾರದು. ರಕ್ತಹೀನತೆಯಿರುವ ಮಕ್ಕಳಲ್ಲಿ ಈ ಚಪಲ ಕಾಣಿಸಿಕೊಳ್ಳುತ್ತದೆ. ಆರು ತಿಂಗಳಿಂದ ಐದು ವರ್ಷದ ಮಕ್ಕಳಿಗೆ ವಾರಕ್ಕೆ ಎರಡು ಬಾರಿ ಕೊಡುವ ಕಬ್ಬಿಣಾಂಶದ ಸಿರಪ್ಪನ್ನು ಆಶಾ ಕಾರ್ಯಕರ್ತೆಯಿಂದ ಕೇಳಿ ಪಡೆಯಿರಿ. ಫೆಬ್ರವರಿ 10 ಮತ್ತು ಆಗಸ್ಟ್ 10ರ ಜಂತುಹುಳು ನಿವಾರಣಾ ದಿನಗಳಂದು, ಒಂದು ವರ್ಷ ತುಂಬಿದ ಮಗುವಿಗೆ ಮಾತ್ರೆ ಕೊಡಿಸಿರಿ.

ಕೆಲವು ಮಕ್ಕಳು ಅಂಟುವ ಪದಾರ್ಥವನ್ನು ಮುಟ್ಟಲೇ ಹೇಸುತ್ತಾರೆ. ಬಲವಂತ ಮಾಡಬಾರದು. ಬಟ್ಟೆಯಲ್ಲಿ ಸುತ್ತಿದ ಉಂಡೆಯನ್ನು ಒತ್ತಲು ಕೊಟ್ಟು, ವಾಸನೆ ನೋಡಿಸಿ, ನಿಧಾನವಾಗಿ ರೂಢಿಸಬೇಕು. ಕಣ್ಣು ಕಾಣದ ಮಗುವಿಗಂತೂ ಈ ಆಟವು ವರವೇ ಸರಿ. ಜೀರಿಗೆಯ ಉಂಡೆ ಎತ್ತು, ಕರಿಬೇವಿನ ಉಂಡೆ ಮರ ಎಂದು ಗುರುತಿಟ್ಟುಕೊಂಡರೆ ಆ ಮಗುವೂ ಇತರರೊಡನೆ ಸರಿಸಮನಾಗಿ ಆಡಬಲ್ಲದು. ಬೇರೆ ಮಕ್ಕಳಿಗೂ ಕಣ್ಣುಕಟ್ಟಿ, ಮೂಸಿ ಹೇಳುವ ಪಂದ್ಯ ಕಟ್ಟಬಹುದು. ಒಂದು ಸಲಕ್ಕೆ ಎರಡು ಅಥವಾ ಮೂರು ವಾಸನೆ ಸಾಕು. ಹೆಚ್ಚಾದರೆ ಮೂಗು ಬೆರೆಸಿಕೊಳ್ಳುತ್ತದೆ.

ನಮ್ಮ ರಾಜ್ಯದಲ್ಲಿ 1975ರ ಅಕ್ಟೋಬರ್ 2ರಂದು ಟಿ. ನರಸೀಪುರದಲ್ಲಿ ಮೊದಲ್ಗೊಂಡ ಅಂಗನವಾಡಿಗಳು ಇಂದು ಹಳ್ಳಿಹಳ್ಳಿಯಲ್ಲಿಯೂ ಇವೆ. ಅಲ್ಲಿ ಮೂರರಿಂದ ಆರು ವರ್ಷದ ಮಕ್ಕಳಿಗೆ ಆಟದ ಮೂಲಕ ಪಾಠ ನಡೆಯುತ್ತದೆ. ಬಾಲವಿಕಾಸ ಸಮಿತಿಯ ತಾಯಂದಿರು ಸರದಿಯಂತೆ ವಾರಕ್ಕೊಬ್ಬರು ಒಂದು ಡಬ್ಬಿ ಕಣಕ ಮಾಡಿಕೊಟ್ಟರೆ ಯಾರಿಗೂ ಹೊರೆಯಾಗದು. ಯಾವ ಮಗುವಿಗಾದರೂ ಗೋಧಿ ಒಗ್ಗದೆಂದು ವೈದ್ಯರು ಹೇಳಿದ್ದರೆ, ಅಂದು ಎಲ್ಲರಿಗೂ ಅಕ್ಕಿಹಿಟ್ಟಿನದೇ ಮಾಡಿರಿ.

ಹಳೆಯದಾದ ಉಪ್ಪಿನ ಕಣಕವನ್ನು ತಿಪ್ಪೆಯ ಮೇಲೆ ಎಸೆಯಬೇಡಿರಿ. ಕೋಳಿಗೂ ನಾಯಿಗೂ ಅಷ್ಟು ಉಪ್ಪು ವಿಷಕ್ಕೆ ಸಮ. ದನಕರುಗಳಿಗೂ ಹಾಕಬಾರದು. ಹಿತ್ತಿಲಲ್ಲಿ ಗಿಡದ ಬುಡದಿಂದ ದೂರ, ಒಂದು ಮೊಳ ಆಳದ ಗುಂಡಿ ತೆಗೆದು ಹೂತುಬಿಡಿರಿ.